ನಿವೃತ್ತಿಯ ನಂತರ ಉಪದಾನದಿಂದ (ಗ್ರಾಚ್ಯುಟಿ) 'ಹೆಚ್ಚುವರಿ ವೇತನ' ಕಡಿತಗೊಳಿಸಬಹುದೇ?

ಸರ್ಕಾರಿ ಪ್ರಾಥಮಿಕ ಶಾಲೆಯ ಶಿಕ್ಷಕಿಯಾಗಿ ನಿವೃತ್ತರಾದ ನಿಮ್ಮ ತಾಯಿಯವರಿಗೆ ಬಹಳ ಹಿಂದೆ ನೀಡಿದ್ದ ಕಾಲಮಿತಿ ವೇತನ ಬಡ್ತಿ (ನಿಗದಿತ ವರ್ಷಗಳ ಸೇವೆಗೆ ಸಿಗುವ ವೇತನ ಏರಿಕೆ) ತಪ್ಪೆಂದು ಈಗ ಲೆಕ್ಕಪರಿಶೋಧನೆಯಲ್ಲಿ ಆಕ್ಷೇಪಿಸಿ, ಅಷ್ಟೂ ವರ್ಷಗಳ ವ್ಯತ್ಯಾಸದ ಮೊತ್ತವನ್ನು ಉಪದಾನದಿಂದ ಕಡಿತಗೊಳಿಸಲು ಆದೇಶಿಸಿದ್ದಾರೆ, ಇದನ್ನು ಪ್ರಶ್ನಿಸಬಹುದೇ ಎಂದು ಕೇಳಿದ್ದೀರಿ. ಖಂಡಿತ ಪ್ರಶ್ನಿಸಬಹುದು. ಸರ್ಕಾರಿ ಕಚೇರಿಯ ಸಿಬ್ಬಂದಿ ಶಾಖೆಯಲ್ಲಿ ಇಂಥ ಕಡತಗಳನ್ನು ನಿರ್ವಹಿಸಿದ ಅನುಭವದಿಂದ ಉತ್ತರಿಸುತ್ತಿದ್ದೇನೆ.

ನಿಮ್ಮ ಪಾಲಿಗೆ ಮುಖ್ಯವಾದುದು ಪಂಜಾಬ್ ರಾಜ್ಯ ವಿರುದ್ಧ ರಫೀಕ್ ಮಸೀಹ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರ ಡಿಸೆಂಬರ್ 18ರಂದು ನೀಡಿದ ತೀರ್ಪು. ನೌಕರನ ವಂಚನೆಯಾಗಲಿ ತಪ್ಪು ಮಾಹಿತಿಯಾಗಲಿ ಇಲ್ಲದೆ, ಇಲಾಖೆಯದೇ ತಪ್ಪಿನಿಂದ ಹೆಚ್ಚು ಹಣ ಪಾವತಿಯಾಗಿದ್ದಾಗ ಯಾವ ಸಂದರ್ಭಗಳಲ್ಲಿ ವಸೂಲಾತಿ ಸಲ್ಲದು ಎಂಬುದನ್ನು ಅಲ್ಲಿ ಪಟ್ಟಿ ಮಾಡಲಾಗಿದೆ. ಸಿ ಮತ್ತು ಡಿ ಗುಂಪಿನ ನೌಕರರಿಂದ, ನಿವೃತ್ತರಾದವರಿಂದ ಅಥವಾ ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ, ಹಾಗೂ ಐದು ವರ್ಷಕ್ಕೂ ಹೆಚ್ಚು ಕಾಲ ಪಾವತಿಯಾಗುತ್ತ ಬಂದಿದ್ದ ಮೊತ್ತವನ್ನು ವಸೂಲು ಮಾಡುವಂತಿಲ್ಲ ಎಂಬ ಮೂರೂ ಅಂಶಗಳು ನಿಮ್ಮ ತಾಯಿಯವರಿಗೆ ಅನ್ವಯಿಸುತ್ತವೆ. 2022ರಲ್ಲಿ ಕೇರಳದ ನಿವೃತ್ತ ಶಿಕ್ಷಕರೊಬ್ಬರ ಮೇಲ್ಮನವಿಯಲ್ಲಿ, ಅಂದರೆ ಥಾಮಸ್ ಡೇನಿಯಲ್ ಪ್ರಕರಣದಲ್ಲಿ, ನಮ್ಮ ಕರಾವಳಿಯವರೇ ಆದ ನ್ಯಾಯಮೂರ್ತಿ ಎಸ್. ಅಬ್ದುಲ್ ನಜೀರ್ ಅವರಿದ್ದ ಪೀಠವೂ ಇಂಥದೇ ವಸೂಲಾತಿಯನ್ನು ರದ್ದುಪಡಿಸಿತು.

ಆದರೆ ಇಲಾಖೆಯ ಪರ ವಕೀಲರು 2016ರ ಜಗದೇವ್ ಸಿಂಗ್ ತೀರ್ಪನ್ನು ಮುಂದಿಡುವುದು ಬಹುತೇಕ ಖಚಿತ. ಪರಿಷ್ಕೃತ ವೇತನ ಪಡೆಯುವಾಗ, ಹೆಚ್ಚು ಪಾವತಿಯಾದರೆ ಮರುಪಾವತಿಸುವುದಾಗಿ ನೌಕರ ಮುಚ್ಚಳಿಕೆ ಬರೆದುಕೊಟ್ಟಿದ್ದರೆ ನಿವೃತ್ತಿಯ ನೆಪದಲ್ಲಿ ಅದರಿಂದ ತಪ್ಪಿಸಿಕೊಳ್ಳಲಾಗದು ಎಂದು ಅದು ಹೇಳುತ್ತದೆ. ಆದ್ದರಿಂದ ಮೊದಲು ಮಾಹಿತಿ ಹಕ್ಕಿನಡಿ ಸೇವಾ ವಹಿ, ವೇತನ ನಿಗದಿ ತಖ್ತೆ ಮತ್ತು ಆಯ್ಕೆ ಪತ್ರದ (ಪರಿಷ್ಕೃತ ವೇತನ ಆಯ್ದುಕೊಳ್ಳುವಾಗ ನೌಕರರು ಬರೆದುಕೊಡುವ ಪತ್ರ) ದೃಢೀಕೃತ ಪ್ರತಿಗಳನ್ನು ಪಡೆಯಿರಿ. ಮುಚ್ಚಳಿಕೆ ಇದ್ದರೆ ಅದರ ಒಕ್ಕಣೆಯನ್ನು ಗಮನಿಸಬೇಕು: ಅದು ವೇತನ ಪರಿಷ್ಕರಣೆಗೆ ಸಂಬಂಧಿಸಿದ್ದೇ, ಕಾಲಮಿತಿ ಬಡ್ತಿಗೂ ಅನ್ವಯಿಸುತ್ತದೆಯೇ? ಜಗದೇವ್ ಸಿಂಗ್ ಪ್ರಕರಣದ ನೌಕರರು ನ್ಯಾಯಾಂಗ ಅಧಿಕಾರಿಯಾಗಿದ್ದರು. ಸಿ ಗುಂಪಿನ ಶಿಕ್ಷಕಿಯ ಸ್ಥಿತಿ ಬೇರೆ ಎಂಬ ವಾದವನ್ನು ನಿಮ್ಮ ವಕೀಲರು ಬಲವಾಗಿ ಮಂಡಿಸಬೇಕೆಂಬುದು ನನ್ನ ಅಭಿಪ್ರಾಯ.

ಉಪದಾನ ಬೇಗ ಬಿಡುಗಡೆಯಾಗಲಿ ಎಂಬ ಆತುರದಲ್ಲಿ 'ಕಡಿತಕ್ಕೆ ನನ್ನ ಒಪ್ಪಿಗೆ ಇದೆ' ಎಂಬ ಪತ್ರಕ್ಕೆ ಮಾತ್ರ ದಯವಿಟ್ಟು ಸಹಿ ಹಾಕಿಸಬೇಡಿ. ಇಳಿವಯಸ್ಸಿನಲ್ಲಿ ಹಣದ ತುರ್ತಿಗೆ ಕಟ್ಟುಬಿದ್ದವರಿಂದ ಇಂಥ ಪತ್ರ ಬರೆಸಿಕೊಳ್ಳುವುದು ಅನ್ಯಾಯವೆಂದೇ ನಾನು ಭಾವಿಸುತ್ತೇನೆ.

ಆದೇಶಕ್ಕೆ ಮುನ್ನ ನೋಟಿಸ್ ನೀಡಿ ವಿವರಣೆ ಕೇಳಿರದಿದ್ದರೆ ಅದೂ ಒಂದು ಸ್ವತಂತ್ರ ಆಧಾರವೇ; ಅಹವಾಲು ಕೇಳದೆ ಮೂಲ ವೇತನ ಇಳಿಸುವುದು ಸಹಜ ನ್ಯಾಯಕ್ಕೆ ವಿರುದ್ಧವೆಂದು 1994ರ ಭಗವಾನ್ ಶುಕ್ಲಾ ತೀರ್ಪು ಹೇಳಿದೆ.

ತಾಯಿಯವರು ರಾಜ್ಯ ಸರ್ಕಾರಿ ನೌಕರರಾಗಿದ್ದುದರಿಂದ ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಂಗಳೂರಿನಲ್ಲದೆ ಬೆಳಗಾವಿ ಮತ್ತು ಕಲಬುರಗಿಯಲ್ಲೂ ಅದರ ಪೀಠಗಳಿವೆ. 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ನೇರವಾಗಿ ಹೈಕೋರ್ಟಿಗೆ ಹೋಗುವಂತಿಲ್ಲ. ನ್ಯಾಯಮಂಡಳಿಯ ಆದೇಶವನ್ನು ಹೈಕೋರ್ಟಿನ ವಿಭಾಗೀಯ ಪೀಠದ ಮುಂದೆ ಪ್ರಶ್ನಿಸಬಹುದು. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 21ನೇ ಕಲಮಿನಂತೆ ಅಂತಿಮ ಆದೇಶವಾದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ಮನವಿಯ ಮೇಲೆ ಮನವಿ ಕೊಡುತ್ತ ಕಾಯುವವರು ಸೋಲುವುದು ಇಲ್ಲಿಯೇ, ಏಕೆಂದರೆ ಕಾನೂನಿನಲ್ಲಿ ಅವಕಾಶವಿಲ್ಲದ ಮರುಮನವಿಗಳಿಂದ ಕಾಲಮಿತಿ ವಿಸ್ತರಣೆಯಾಗುವುದಿಲ್ಲ.

ಅರ್ಜಿಯಲ್ಲಿ ವಸೂಲಾತಿಯನ್ನೂ ವೇತನ ಮರುನಿಗದಿಯನ್ನೂ ಪ್ರತ್ಯೇಕವಾಗಿ ಪ್ರಶ್ನಿಸಿ. ಬಡ್ತಿ ನಿಜವಾಗಿಯೂ ನಿಯಮಬಾಹಿರವಾಗಿದ್ದರೆ ಪಾವತಿಯಾದ ಹಣ ಉಳಿದರೂ ಮುಂದಿನ ಪಿಂಚಣಿ ಕಡಿಮೆ ವೇತನದ ಆಧಾರದ ಮೇಲೆಯೇ ನಿಗದಿಯಾಗಬಹುದು. ರಫೀಕ್ ಮಸೀಹ್ ತೀರ್ಪು ಅದಕ್ಕೆ ರಕ್ಷಣೆ ನೀಡುವುದಿಲ್ಲ. ಕಡಿತ ಇನ್ನೂ ಜಾರಿಯಾಗಿರದಿದ್ದರೆ ಮಧ್ಯಂತರ ತಡೆಯಾಜ್ಞೆಯನ್ನೂ, ಈಗಾಗಲೇ ಹಣ ಹಿಡಿದಿದ್ದರೆ ಬಡ್ಡಿ ಸಹಿತ ಮರುಪಾವತಿಯನ್ನೂ ಅದೇ ಅರ್ಜಿಯಲ್ಲಿ ಕೋರಿ.