ಹೆಸರಿನ ಹಾಜರಿ: ಕೆಜಾಯಾ ಅಂದ್ರ ಏನ್ರಿ ಅಕ್ಕೋರ?

ಕಲಬುರಗಿ, ಬೀದರ ಜಿಲ್ಲೆಗಳ ಶಾಲೆಗಳಲ್ಲಿ ಮೂವತ್ತೊಂದು ವರ್ಷ ದಿನಾ ಬೆಳಿಗ್ಗೆ ಹಾಜರಿ ಕರೆದವಳು ನಾನು. ನಿವೃತ್ತಿಯಾದರೂ ಆ ಚಟ ಹೋಗಿಲ್ಲ. ಯಾವುದಾದರೂ ಹೆಸರಿನ ಹಿಂದೆ ಏನಿದೆ ಎಂದು ಕೇಳಿದರೆ ಗೊತ್ತಿದ್ದಷ್ಟು ಹೇಳುತ್ತೇನೆ. ಹೆಸರು ನೋಡಿ ಭವಿಷ್ಯ ಹೇಳುವ ಕೆಲಸ ನನ್ನದಲ್ಲ ಎಂದು ಪ್ರತಿ ತಿಂಗಳೂ ಬರೆಯುತ್ತೇನೆ, ಪ್ರತಿ ತಿಂಗಳೂ ನೀವು ಅದನ್ನೇ ಕೇಳುತ್ತೀರಿ.

ಪ್ರಶ್ನೆ: ನಮ್ಮ ಮಗ್ಗಲ ಮನೆಯ ಅನ್ನಮ್ಮನವರ ಹೆಸರು ಅನ್ನದಿಂದ ಬಂದದ್ದೋ, ಬೈಬಲಿನಿಂದ ಬಂದದ್ದೋ? (ಓದುಗರು, ಚಿತ್ತಾಪುರ)

ಉತ್ತರ: ಅವರು ಕ್ರೈಸ್ತರಾದರೆ ಬೈಬಲಿನಿಂದಲೇ. ಹೀಬ್ರೂ ಭಾಷೆಯ ಹನ್ನಾ, ಅಂದರೆ ಕೃಪೆ. ಗ್ರೀಕಿಗೆ ಹೋದಾಗ ಹಕಾರ ಉದುರಿ ಅನ್ನಾ ಆಯಿತು, ನಮ್ಮ ಕಡೆ ಬಂದು ಅಮ್ಮನನ್ನು ಸೇರಿಸಿಕೊಂಡಿತು. ಬೆಂಗಳೂರಿನ ಅಣ್ಣಮ್ಮ ದೇವಿ ಬೇರೆ, ಅದು ಣಕಾರ.

ಪ್ರಶ್ನೆ: ಅಕ್ಕೋರಿಗಿ ನಮಸ್ಕಾರ. ನನ್ನ ಮಗಗ ಹೆಣ್ಣ ಕೂಸ ಹುಟ್ಟ್ಯಾದ. ಇದು ಎರಡನೇದು. ಮೊದಲಿನ ಕೂಸು ಒಂಬತ್ತು ದಿನದಾಗ ಹೋಯ್ತು. ಬರೋ ತಿಂಗಳ ಚರ್ಚಿನ್ಯಾಗ ದೀಕ್ಷಾಸ್ನಾನ ಇಟ್ಟೀವಿ. ಸೊಸಿ ಕೆಜಾಯಾ ಅಂತ ಹೆಸರ ಇಡತೀನಿ ಅಂತ ಹಟ ಹಿಡದಾಳ. ನಮ್ಮ ಮನ್ಯಾಗ ರೂತಮ್ಮ, ಮಾರ್ತಮ್ಮ, ಎಸ್ತೇರಮ್ಮ ಎಲ್ಲಾ ಆಗಿ ಹೋಗ್ಯಾರ, ಇಂಥ ಹೆಸರ ಯಾರೂ ಕೇಳಿಲ್ಲ. ಫೋನಿನ್ಯಾಗ ನೋಡಿ ಇಡಲತಾಳ. ಮೈದುನ ಅದು ಕಕ್ಕಿ ಗಿಡದ ಹೆಸರು ಅಂತಾನ. ಬೀಗತಿ, ಕೊನೀಗಿ ‘ಯಾ’ ಅದ, ಹಂಗಂದ್ರ ಯೆಹೋವ ಅಂತಾಳ. ಬೈಬಲಿನ್ಯಾಗ ಯೋಬನ ಪುಸ್ತಕದಾಗಿನ ಹೆಸರು, ಅವನ ಮಗಳದ್ದು ಅಂತ ಗೊತ್ತಾದ ಮ್ಯಾಲಂತೂ ನನಗ ನಿದ್ದಿ ಇಲ್ಲ. ಅಷ್ಟು ದುಃಖದ ಪುಸ್ತಕದಿಂದ ಹೆಸರ ತಂದ್ರ ಕೂಸಿಗಿ ಏನರ ಆಗ್ತದೇನು? ಈ ಹೆಸರಿನ ಹುಡುಗಿ ಎಂಥ ಸ್ವಭಾವದಾಕಿ ಆಗ್ತಾಳ? ಸಾಲ್ಯಾಗ ಹುಡುಗರು ‘ಎಷ್ಟ ಕೆ.ಜಿ. ಅದೀ?’ ಅಂತ ಕಾಡಸಂಗಿಲ್ಲೇನು? (ಹೆಸರು ಬೇಡ, ಮಂಗಲಪೇಟ, ಬೀದರ)

ಉತ್ತರ: ಅಕ್ಕಾ, ನಿಮ್ಮ ಪತ್ರ ಓದಿ ಮೊದಲು ಮಾಡಿದ ಕೆಲಸ ಗಂಜ್ ಬಜಾರಕ್ಕೆ ಹೋಗಿದ್ದು. ಐವತ್ತು ಗ್ರಾಮ್ ದಾಲ್ಚಿನ್ನಿ ಕೊಡು ಅಂದೆ. ಅಂಗಡಿಯವನು ‘ಸಿಲೋನದ್ದ ಕೊಡ್ಲೇನ್ರಿ, ದಿನಾ ಹಾಕೂದ ಕೊಡ್ಲೇನ್ರಿ?’ ಅಂದ. ದಿನಾ ಹಾಕೂದೇ ಕೊಡು ಅಂದೆ. ಅದರ ಒಂದು ತುಂಡು ಈಗ ಮೇಜಿನ ಮೇಲಿದೆ. ದಪ್ಪ, ಗಡುಸು, ಮೇಲೆ ಕಂದು, ಮುರಿದರೆ ಚಟ್ ಎನ್ನುತ್ತದೆ. ನಿಮ್ಮ ಮೊಮ್ಮಗಳ ಹೆಸರು ಇದೇ.

ಸಿಲೋನಿನ ದಾಲ್ಚಿನ್ನಿ ತೆಳ್ಳಗೆ, ಸುರುಳಿಯೊಳಗೆ ಸುರುಳಿ ಸುತ್ತಿದ ಹಾಗೆ ಇರುತ್ತದೆ. ನಮ್ಮ ಮಸಾಲಿ ಡಬ್ಬಿಯಲ್ಲಿ ಇರುವ ದಪ್ಪ ತೊಗಟೆ ಅದರ ದಾಯಾದಿ ಮರದ್ದು. ಇಂಗ್ಲಿಷಿನಲ್ಲಿ ಅದಕ್ಕೆ ಕ್ಯಾಸಿಯಾ ಅನ್ನುತ್ತಾರೆ. ಆ ಮಾತು ಗ್ರೀಕಿನಿಂದ ಬಂತು, ಗ್ರೀಕರು ಅದನ್ನು ಹೀಬ್ರೂ ಕಡೆಯ ಭಾಷೆಗಳಿಂದ ತೆಗೆದುಕೊಂಡರು. ಹೀಬ್ರೂವಿನಲ್ಲಿ ಅದು ‘ಕೆತ್ಸೀಆ’. ಸುಲಿ, ಕೆರೆ ಎಂಬ ಅರ್ಥದ ಧಾತುವಿಗೆ ಅದನ್ನು ಸೇರಿಸುತ್ತಾರೆ. ಮರದಿಂದ ಸುಲಿದು ತೆಗೆದದ್ದು ಎಂದು. ಬೈಬಲಿನ 45ನೇ ಕೀರ್ತನೆಯಲ್ಲಿ ಅರಸನ ಬಟ್ಟೆಗಳು ಸುವಾಸನೆ ಬೀರುತ್ತವಲ್ಲ, ಅಲ್ಲಿ ರಕ್ತಬೋಳ, ಅಗುರುಗಳ ಜೊತೆ ಮೂರನೆಯದಾಗಿ ಬರುವುದು ಇದೇ ತೊಗಟೆ. ಅಡಿಗೆಗಿಂತ ಮೊದಲು ಅದು ಅತ್ತರಿನ ಸಾಮಾನು. ನಾವು ದಾಲ್ಚಿನ್ನಿ ಅನ್ನುವುದಾದರೂ ಪಾರ್ಸಿಯ ‘ದಾರ್‌ಚೀನಿ’, ಚೀನಾದ ಕಟ್ಟಿಗೆ ಎಂದು. ಬಿರಿಯಾನಿಯಲ್ಲಿ ಸಿಕ್ಕರೆ ತೆಗೆದು ತಾಟಿನ ದಂಡೆಗೆ ಇಡುತ್ತೇವೆ, ಅದು ಎಷ್ಟು ಊರು ತಿರುಗಿ ಬಂದದ್ದು ನೋಡಿ.

ನಿಮ್ಮ ಮೈದುನ ಪೂರ್ತಿ ತಪ್ಪಲ್ಲ. ಸಸ್ಯಶಾಸ್ತ್ರದವರು ಕಕ್ಕೆ ಗಿಡಕ್ಕೆ ಕ್ಯಾಸಿಯಾ ಎಂದೇ ಹೆಸರು ಕೊಟ್ಟಿದ್ದಾರೆ. ಹೊಲದ ಬದುವಿನಲ್ಲಿ ಹಳದಿ ಹೂ ಬಿಡುವ ಆವರಿಕೆಯನ್ನೂ ಮೊದಲು ಅದೇ ಗುಂಪಿಗೆ ಸೇರಿಸಿದ್ದರು. ಆದರೆ ಯೋಬ ಮಗಳಿಗೆ ಇಟ್ಟದ್ದು ಪರಿಮಳದ ತೊಗಟೆಯ ಹೆಸರು, ಕಕ್ಕೆಯದಲ್ಲ.

ಬೀಗತಿ ಹೇಳಿದ್ದು ಮಾತ್ರ ಸರಿಯಲ್ಲ, ನನ್ನ ಹೆಸರು ಹೇಳದೆ ತಿಳಿಸಿಬಿಡಿ. ಯೆಶಾಯ, ಯೆರೆಮೀಯ, ಚಿದ್ಕೀಯ, ಈ ಹೆಸರುಗಳ ಕೊನೆಯಲ್ಲಿ ಇರುವುದು ದೇವರ ಹೆಸರಿನ ತುಣುಕು, ಖರೇ. ಕೆಜಾಯಾದ ಕೊನೆ ಹಾಗೆ ಕೇಳಿಸುತ್ತದೆ ಅಷ್ಟೇ. ಹೀಬ್ರೂವಿನಲ್ಲಿ ಅಲ್ಲಿ ‘ಅಯಿನ್’ ಎಂಬ ಗಂಟಲಿನ ಅಕ್ಷರ ಬರುತ್ತದೆ. ಉರ್ದು ಓದಿದವರಿಗೆ ಅಯಿನ್ ಗೊತ್ತಿರುತ್ತದೆ, ಕನ್ನಡದಲ್ಲಿ ಅದನ್ನು ಬರೆಯುವ ದಾರಿಯಿಲ್ಲ. ಹಾಗಾಗಿ ಇದು ದೇವರ ಹೆಸರು ಹೊತ್ತ ಹೆಸರಲ್ಲ, ಬಜಾರದ ಹೆಸರು. ನನಗಂತೂ ಅದೇ ಇದರ ಚೆಂದ ಅನ್ನಿಸುತ್ತದೆ.

ಈಗ ನಿಮ್ಮ ನಿದ್ದೆ ಕೆಡಿಸಿದ ಮಾತಿಗೆ ಬರುತ್ತೇನೆ. ಯೋಬನ ಪುಸ್ತಕದಲ್ಲಿ ಒಟ್ಟು 42 ಅಧ್ಯಾಯ. ಮೊದಲನೆಯದರಲ್ಲೇ ದನ, ಕುರಿ, ಒಂಟೆ ಹೋಗುತ್ತವೆ. ಹಿರಿಯಣ್ಣನ ಮನೆಯಲ್ಲಿ ಊಟಕ್ಕೆ ಕೂತ ಏಳು ಗಂಡು, ಮೂರು ಹೆಣ್ಣು ಬಿರುಗಾಳಿಗೆ ಮನೆ ಬಿದ್ದು ಸಾಯುತ್ತಾರೆ. ಆ ಹತ್ತು ಮಕ್ಕಳಲ್ಲಿ ಒಬ್ಬರ ಹೆಸರೂ ನಮಗೆ ಸಿಗುವುದಿಲ್ಲ. ಕೆಜಾಯಾ ಆ ಮನೆಯಲ್ಲಿ ಇರಲಿಲ್ಲ. ಅವಳು ಬರುವುದು ಕಡೆಯ ಅಧ್ಯಾಯದಲ್ಲಿ, ಎಲ್ಲ ಮುಗಿದು ಮನೆಯಲ್ಲಿ ಮತ್ತೆ ಜನ ಓಡಾಡುವ ಹೊತ್ತಿಗೆ.

ಅಲ್ಲೊಂದು ಲೆಕ್ಕವಿದೆ. ನಾನು ಗಣಿತವನ್ನೂ ಕಲಿಸಿದವಳು, ಹಾಗಾಗಿ ಅದು ಕಣ್ಣಿಗೆ ಬಿತ್ತು. ಕಳೆದುಕೊಂಡ 7,000 ಕುರಿಗೆ 14,000 ಕುರಿ. 3,000 ಒಂಟೆಗೆ 6,000. ಎತ್ತಿನ ಜೋಡಿ 500 ಇದ್ದದ್ದು 1,000, ಕತ್ತೆಗಳೂ ಹಾಗೆಯೇ. ಎಲ್ಲವೂ ಎರಡು ಪಟ್ಟು. ಮಕ್ಕಳು ಮಾತ್ರ ಮತ್ತೆ ಏಳು ಗಂಡು, ಮೂರು ಹೆಣ್ಣು. ಬರೆದವನಿಗೆ ಲೆಕ್ಕ ಬರುತ್ತಿರಲಿಲ್ಲ ಅನ್ನಲಾಗದು, ಕುರಿಗಳದ್ದು ಸರಿಯಾಗಿಯೇ ಇದೆ. ಹೋದ ಹತ್ತು ಮಕ್ಕಳನ್ನು ಅವನು ಲೆಕ್ಕದಿಂದ ತೆಗೆದೇ ಇಲ್ಲ ಎಂದು ನಾನು ಓದಿಕೊಳ್ಳುತ್ತೇನೆ.

ಈ ಸಲ ಹೆಸರು ಬರುವುದು ಹೆಣ್ಣುಮಕ್ಕಳದ್ದು ಮಾತ್ರ, ಏಳು ಗಂಡುಮಕ್ಕಳದ್ದು ಇಲ್ಲ. ಹಿರಿಯಳು ಯೆಮೀಮ. ಅರಬ್ಬಿಯಲ್ಲಿ ‘ಯಮಾಮಾ’ ಅಂದರೆ ಪಾರಿವಾಳ, ಅದೇ ಇದು ಎನ್ನುತ್ತಾರೆ. ನಡುವಿನವಳು ನಮ್ಮ ಕೆಜಾಯಾ. ಕಿರಿಯಳದ್ದು ಕೆರೆನ್ ಹಪ್ಪೂಕ್. ಕೆರೆನ್ ಅಂದರೆ ಕೊಂಬು, ಪೂಕ್ ಅಂದರೆ ಕಣ್ಣಿಗೆ ಹಚ್ಚುವ ಕಪ್ಪು. ಸುರ್ಮಾ ತುಂಬಿಡುವ ಕೊಂಬಿನ ಡಬ್ಬಿ! ನಮ್ಮಲ್ಲಿ ಬಂದೇ ನವಾಜ್ ದರ್ಗಾದ ಮುಂದೆ ಸುರ್ಮಾ ಮಾರುವ ಅಂಗಡಿ ಸಾಲನ್ನು ನೆನೆಸಿಕೊಳ್ಳಿ. ಹೀಗೆ ಒಬ್ಬಳು ಪಾರಿವಾಳ, ಒಬ್ಬಳು ಪರಿಮಳ, ಒಬ್ಬಳು ಕಾಡಿಗೆ.

ನಮ್ಮ ಕಡೆ ಕೂಸು ಹೋದ ಮನೆಯಲ್ಲಿ ಮುಂದಿನ ಕೂಸಿಗೆ ಏನು ಹೆಸರಿಡುತ್ತಿದ್ದರು, ನಿಮಗೂ ಗೊತ್ತು. ತಿಪ್ಪೆಯ ಮೇಲೆ ಒಂದು ಸಲ ಉರುಳಿಸಿ ಎತ್ತಿಕೊಂಡು ತಿಪ್ಪಮ್ಮ, ತಿಪ್ಪಣ್ಣ. ಇಲ್ಲವೆಂದರೆ ಗುಂಡಪ್ಪ, ಕಲ್ಲಪ್ಪ. ಸಾವಿನ ಕಣ್ಣಿಗೆ ಬೀಳದಿರಲಿ, ಕಸ ಎಂದು ಬಿಟ್ಟುಹೋಗಲಿ ಎಂದು. ನನ್ನ ಹಾಜರಿ ಪುಸ್ತಕದಲ್ಲಿ ಪ್ರತಿ ವರ್ಷ ಒಬ್ಬ ತಿಪ್ಪಣ್ಣ ಇದ್ದೇ ಇರುತ್ತಿದ್ದ, ಮನೆಯವರು ಅವನನ್ನು ಎಷ್ಟು ಜತನ ಮಾಡುತ್ತಿದ್ದರೆಂದು ಹೇಳಲಾರೆ. ಯೋಬ ತದ್ವಿರುದ್ಧ. ಹತ್ತು ಮಕ್ಕಳನ್ನು ಮಣ್ಣು ಮಾಡಿದವನು ಮುಂದಿನ ಹೆಣ್ಣುಮಕ್ಕಳಿಗೆ ಊರೆಲ್ಲ ತಿರುಗಿ ನೋಡುವಂಥ ಹೆಸರಿಟ್ಟ. ಎರಡೂ ಒಂದೇ ಅಂಜಿಕೆಯಿಂದ ಬಂದವು, ಒಂದು ಮುಚ್ಚಿಟ್ಟಿತು, ಇನ್ನೊಂದು ತೋರಿಸಿತು.

ಅಷ್ಟಕ್ಕೇ ನಿಲ್ಲಿಸಲಿಲ್ಲ ಅವನು. ಅಣ್ಣತಮ್ಮಂದಿರ ಜೊತೆಗೆ ಆ ಮೂವರಿಗೂ ಆಸ್ತಿಯಲ್ಲಿ ಪಾಲು ಕೊಟ್ಟ ಎಂದು 15ನೇ ವಚನ ಹೇಳುತ್ತದೆ. ಹಿಂದೂ ಮನೆಗಳ ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲು ಎಂದು ಕರ್ನಾಟಕದಲ್ಲಿ ಕಾಯ್ದೆ ಬಂದದ್ದು 1994ರಲ್ಲಿ, ದೇಶಕ್ಕೆಲ್ಲ 2005ರಲ್ಲಿ. ನಿಮಗೆ ಅನ್ವಯಿಸುವುದು 1925ರ ಉತ್ತರಾಧಿಕಾರ ಕಾಯ್ದೆ, ಅಪ್ಪ ಉಯಿಲು ಬರೆಯದೆ ಹೋದರೆ ಮಗ ಮಗಳು ಇಬ್ಬರಿಗೂ ಅದರಲ್ಲಿ ಒಂದೇ ಪಾಲು. ಈ ಮಾತನ್ನು ಮಗನ ಕಿವಿಗೂ ಹಾಕಿರಿ, ಹೆಸರಿನ ನೆಪದಲ್ಲಿ.

ಇಂಥ ಹೆಸರು ಯಾರೂ ಕೇಳಿಲ್ಲ ಅಂದಿರಿ. ನಿಮ್ಮದು ಮೆಥಡಿಸ್ಟ್ ಸಭೆ ಇರಬೇಕು ಎಂದುಕೊಂಡು ಹೇಳುತ್ತೇನೆ. ಆ ಪಂಥ ಹುಟ್ಟಿಸಿದ ಜಾನ್ ವೆಸ್ಲಿಯ ಸ್ವಂತ ತಂಗಿಯ ಹೆಸರೇ ಕೆಜಾಯಾ! ಮನೆಯಲ್ಲಿ ಕೆಜ್ಜಿ ಅನ್ನುತ್ತಿದ್ದರು. ತಾಯಿ ಸುಸಾನಾ ಹತ್ತೊಂಬತ್ತು ಹೆತ್ತವಳು, ಅದರಲ್ಲಿ ಅರ್ಧದಷ್ಟು ಎಳೆಗೂಸಾಗಿದ್ದಾಗಲೇ ಹೋದವು. 1709ರ ಫೆಬ್ರವರಿಯಲ್ಲಿ ಇಂಗ್ಲೆಂಡಿನ ಎಪ್ವರ್ತ್ ಎಂಬ ಊರಿನಲ್ಲಿ ಅವರ ಮನೆಗೆ ಬೆಂಕಿ ಬಿತ್ತು. ಐದು ವರ್ಷದ ಜಾನ್‌ನನ್ನು ಕಿಟಕಿಯಿಂದ ಎಳೆದುಕೊಂಡರು, ಮನೆ ಉಳಿಯಲಿಲ್ಲ. ಸುಸಾನಾ ಆಗ ತುಂಬು ಬಸುರಿ. ಮರುತಿಂಗಳು ಹುಟ್ಟಿದವಳೇ ಕೆಜಾಯಾ, ಎಲ್ಲರಿಗಿಂತ ಕಿರಿಯಳು. ಅವರಪ್ಪ ಮುಂದೆ ಯೋಬನ ಪುಸ್ತಕದ ಮೇಲೆ ಲ್ಯಾಟಿನಿನಲ್ಲಿ ದೊಡ್ಡ ಗ್ರಂಥವನ್ನೇ ಬರೆದ ಪಾದ್ರಿ. ಮನೆ ಸುಟ್ಟ ತಿಂಗಳಿಗೆ ಹುಟ್ಟಿದ ಮಗಳಿಗೆ ಅವರು ಎಲ್ಲಿಂದ ಹೆಸರು ತೆಗೆದರೆಂದು ಹೇಳಬೇಕೆ? ನಿಮ್ಮ ಸಭಾಪಾಲಕರನ್ನು ಕೇಳಿ ನೋಡಿ, ವೆಸ್ಲಿಯ ಮನೆಯ ಹೆಸರೆಂದರೆ ಅವರು ಇಲ್ಲ ಅನ್ನಲಿಕ್ಕಿಲ್ಲ.

ಸ್ವಭಾವದ ಮಾತು ಬಿಡಿ ಅಕ್ಕಾ. ನನ್ನ ತರಗತಿಯ ಶಾಂತಾ ಎರಡು ಸಲ ಕಿಟಕಿ ಗಾಜು ಒಡೆದಿದ್ದಾಳೆ.

ಕಾಡಿಸುವುದು ಮತ್ತು ಬರೆಯುವುದು, ಇವೆರಡೂ ನಿಜವಾದ ತಾಪತ್ರಯ. ಹುಮನಾಬಾದ ಕಡೆಯ ಒಂದು ಶಾಲೆಯಲ್ಲಿ ನನಗೆ ಈ ಹೆಸರಿನ ಒಬ್ಬ ಹುಡುಗಿ ಸಿಕ್ಕಿದ್ದಳು. ಆರನೇ ಇಯತ್ತೆಯ ಹಾಜರಿಯಲ್ಲಿ ‘ಕೆಜಿಯಾ’. ನೀವು ಹೇಳಿದ ಹಾಗೆಯೇ ಹುಡುಗರು ತಕ್ಕಡಿ ಹಿಡಿದವರಂತೆ ಕೈ ಆಡಿಸುತ್ತಿದ್ದರು. ಮರುವರ್ಷ ಯಾರೋ ‘ಖಾಜಿಯಾ’ ಎಂದು ಬರೆದರು, ಖಾಜಿಯವರ ಮಗಳೇ ಎಂದು ಹೊಸ ಮಾಸ್ತರರು ಕೇಳಿದರು. ಅದನ್ನು ನಾನೇ ತಿದ್ದಿ ‘ಕೆಜಯಾ’ ಎಂದು ಬರೆದೆ, ಜಕಾರಕ್ಕೆ ದೀರ್ಘ ಕೊಡದೆ. ಹತ್ತನೇ ಇಯತ್ತೆಯ ಅಂಕಪಟ್ಟಿ ಬಂದಾಗ ಅದರಲ್ಲಿ ‘ಕೆ. ಜಯಾ’ ಎಂದಿತ್ತು. ನಡುವೆ ಒಂದು ಚುಕ್ಕೆ. ಆ ಚುಕ್ಕೆ ಅಳಿಸಲು ಅವರಪ್ಪ ಅಫಿಡವಿಟ್ ಮಾಡಿಸಿ ನಾಲ್ಕು ಸಲ ಓಡಾಡಿದರು. ಆ ತಪ್ಪಿನಲ್ಲಿ ನನ್ನ ಪಾಲೂ ಇದೆ ಎಂದು ಇವತ್ತಿಗೂ ಅನ್ನಿಸುತ್ತದೆ.

ಹಳೆಯ ಕನ್ನಡ ಬೈಬಲಿನ ಅನುವಾದಕರಿಗೆ ಬೇರೆ ದಾರಿ ಗೊತ್ತಿತ್ತು. ಈ ಹೆಸರಿನ ನಡುವಿನ ಹೀಬ್ರೂ ಅಕ್ಷರವೇ ಇಂಗ್ಲಿಷಿನವರು ಜಾಯನ್ ಅನ್ನುವ ಊರಿನ ಮೊದಲಲ್ಲೂ ಇದೆ, ನಮ್ಮವರು ಅದನ್ನು ಚೀಯೋನ್ ಎಂದು ಬರೆದರು. ಅದೇ ಲೆಕ್ಕದಲ್ಲಿ ಇದು ಕೆಚೀಯ ಆಗುತ್ತದೆ. ಕಿವಿಗೆ ಇಂಪು, ಕೆಚ್ಚಿನ ಸದ್ದೂ ಬರುತ್ತದೆ. ಕೆಚ್ಚು ಅಂದರೆ ಮರದ ತಿರುಳು, ಇವಳೋ ತೊಗಟೆ, ಇರಲಿ. ಆದರೆ ಆಕಳು ಎಮ್ಮೆ ಕಟ್ಟುವ ಊರಿನಲ್ಲಿ ಹುಡುಗರು ‘ಕೆಚ್ಚಲ’ ಅನ್ನದೆ ಬಿಡುತ್ತಾರೆಯೇ? ಕಾಡಿಸುವವರಿಗೆ ಸಿಗದ ಹೆಸರನ್ನು ನಾನಿನ್ನೂ ಕಂಡಿಲ್ಲ. ಸೊಸೆಗೆ ಬೇಕಾದದ್ದೇ ಇರಲಿ, ಕೆಜಾಯಾ. ‘ಜಾ’ ದೀರ್ಘ, ನಡುವೆ ಜಾಗ ಬೇಡ, ಚುಕ್ಕೆ ಬೇಡ. ಇಂಗ್ಲಿಷಿನಲ್ಲಿ ಕೆ ಇ ಝಡ್ ಐ ಎ ಎಚ್. ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ಹೆಸರನ್ನು ಮಾತ್ರ ಒಂದು ವರ್ಷದೊಳಗೆ ಶುಲ್ಕವಿಲ್ಲದೆ ಸೇರಿಸಬಹುದು, ಅವಸರ ಮಾಡಬೇಡಿ. ಎರಡೂ ಲಿಪಿಯಲ್ಲಿ ಚೀಟಿ ಬರೆದುಕೊಂಡು ಹೋಗಿ, ಪ್ರಮಾಣಪತ್ರ ಕೈಗೆ ಬಂದಾಗ ಅಲ್ಲೇ ನಿಂತು ಅಕ್ಷರ ಅಕ್ಷರ ಓದಿ. ಮನೆಯಲ್ಲಿ ನೀವು ಕೆಜಮ್ಮ ಅನ್ನುತ್ತೀರಿ ಬಿಡಿ, ನನಗೆ ಗೊತ್ತು.

ಒಂದು ಮಾತು ಉಳಿಯಿತು. ಸೊಸೆ ಫೋನಿನಲ್ಲಿ ನೋಡಿ ಹೆಸರು ಆರಿಸಿದ್ದಾಳೆ ಎಂದು ಬರೆದಿದ್ದೀರಿ. ಮೊದಲ ಕೂಸಿನ ಮಾತನ್ನೂ ಅದೇ ಪತ್ರದಲ್ಲಿ ಬರೆದಿದ್ದೀರಿ, ಎರಡನ್ನೂ ಸೇರಿಸಿ ನೋಡಿದಂತಿಲ್ಲ. ಯಾಕೆ ಈ ಹೆಸರು ಎಂದು ಅವಳನ್ನು ಕೇಳಬೇಡಿ, ಜಗಳದ ಹಾಗೆ ಕೇಳಿಸೀತು. ಸಂಜೆ ಪ್ರಾರ್ಥನೆಗೆ ಕೂತಾಗ ಬೈಬಲ್ ಕೈಗೆ ಕೊಟ್ಟು ‘ಯೋಬನ ಕಡೀ ಅಧ್ಯಾಯ ಓದವ್ವಾ’ ಅನ್ನಿ. ಹೆಸರು ಬರುವುದು 14ನೇ ವಚನದಲ್ಲಿ. ನೀವು 13ರಿಂದ ಓದಿಸಿ.