ನೇರಪ್ರಸಾರದ ನಡುವೆ ಕುಸಿದ ನಟ

ಟಿ.ವಿ. ನಾಟಕ ನೇರಪ್ರಸಾರವಾಗುತ್ತಿದ್ದಾಗಲೇ ನಟರೊಬ್ಬರು ತೀರಿಕೊಂಡರಂತೆ, ಆದರೂ ನಾಟಕ ನಿಲ್ಲಲಿಲ್ಲವಂತೆ, ಇದು ಕಟ್ಟುಕಥೆಯೇ ಎಂದು ಪತ್ರ ಬರೆದು ಕೇಳಿದ್ದೀರಿ. ಅಲ್ಲ, ನಡೆದದ್ದೇ. ಆ ನಟ ವೇಲ್ಸ್‌ನ ಗರೆತ್ ಜೋನ್ಸ್, ವಯಸ್ಸು 33. ದಿನ 1958ರ ನವೆಂಬರ್ 30, ಭಾನುವಾರ.

ಬ್ರಿಟನ್ನಿನ ಐಟಿವಿ ವಾಹಿನಿಗಾಗಿ ಅಲ್ಲಿನದೇ ಎಬಿಸಿ ಸಂಸ್ಥೆ (ಅಮೆರಿಕದ್ದಲ್ಲ) ತಯಾರಿಸುತ್ತಿದ್ದ ‘ಆರ್ಮ್‌ಚೇರ್ ಥಿಯೇಟರ್’ ಮಾಲಿಕೆಯಲ್ಲಿ ಅಂದು ‘ಅಂಡರ್‌ಗ್ರೌಂಡ್’ ಎಂಬ ನಾಟಕವಿತ್ತು. ಲಂಡನ್ ಅಣುದಾಳಿಗೆ ತುತ್ತಾಗಿದೆ, ಬದುಕುಳಿದ ಕೆಲವರು ನೆಲದಡಿಯ ರೈಲು ಸುರಂಗದಲ್ಲಿದ್ದಾರೆ. ನಿರ್ದೇಶಕ ಟೆಡ್ ಕಾಚೆಫ್, ಮುಂದೆ ಹಾಲಿವುಡ್‌ನಲ್ಲಿ ‘ಫಸ್ಟ್ ಬ್ಲಡ್’ ಮಾಡಿದವರು.

ಆ ನಾಟಕದಲ್ಲಿದ್ದ ಪೀಟರ್ ಬೋಲ್ಸ್ ನಂತರ ನೆನಪಿಸಿಕೊಂಡಿದ್ದು ಹೀಗೆ: ಅವರೆಲ್ಲ ಕ್ಯಾಮೆರಾ ಎದುರು ಮಾತಾಡುತ್ತ ಜೋನ್ಸ್‌ರ ಪಾತ್ರ ಬರುವುದನ್ನೇ ಕಾಯುತ್ತಿದ್ದರು. ಆ ಪಾತ್ರ ಏನೋ ಸುದ್ದಿ ತರಬೇಕಿತ್ತು. ಜೋನ್ಸ್ ತಮ್ಮ ಕಡೆ ಬರುತ್ತಿರುವುದು ಕಾಣಿಸಿತು, ಮರುಕ್ಷಣ ಬಿದ್ದದ್ದೂ ಕಾಣಿಸಿತು. ಏನಾಯಿತೆಂದು ತಿಳಿಯಲಿಲ್ಲ, ಆದರೆ ಅವರು ಇನ್ನು ಬರುವುದಿಲ್ಲ ಎಂಬುದಂತೂ ತಿಳಿಯಿತು. ‘ಅವನು ಇಲ್ಲಿದ್ದಿದ್ದರೆ ಬಹುಶಃ ಹೀಗೆ ಹೇಳುತ್ತಿದ್ದ’ ಎಂಬ ಧಾಟಿಯಲ್ಲಿ ಬರಬೇಕಿದ್ದ ಸುದ್ದಿಯನ್ನು ತಾವೇ ಮಾತು ಕಟ್ಟಿ ಹೇಳಿಕೊಂಡರು. ಅತ್ತ ನಿರ್ದೇಶಕರು ಆ ಪಾತ್ರವನ್ನೇ ಕೈಬಿಟ್ಟು ಉಳಿದ ದೃಶ್ಯಗಳನ್ನು ನಿಂತ ನಿಲುವಿನಲ್ಲಿ ಹೊಂದಿಸಬೇಕಾಯಿತು. ಜೋನ್ಸ್‌ರಿಗೆ ಆಗಿದ್ದು ಹೃದಯಾಘಾತ; ನಾಟಕದಲ್ಲಿ ಅವರ ಪಾತ್ರಕ್ಕೂ ಹೃದಯಾಘಾತವಾಗಬೇಕಿತ್ತು! ಕಥೆಗಾರ ಹೀಗೆ ಬರೆದಿದ್ದರೆ ‘ಇದು ಅತಿಯಾಯಿತು’ ಎಂದು ನಾನೇ ಹೊಡೆದು ಹಾಕುತ್ತಿದ್ದೆ.

ನಿಲ್ಲಿಸಬಹುದಿತ್ತಲ್ಲ ಎಂಬ ನಿಮ್ಮ ಪ್ರಶ್ನೆ ನ್ಯಾಯವಾದದ್ದೇ. ಆದರೆ ವಿಡಿಯೋ ಟೇಪ್ ಯಂತ್ರ ಮಾರುಕಟ್ಟೆಗೆ ಬಂದದ್ದೇ 1956ರಲ್ಲಿ, ಅದೂ ದುಬಾರಿ. ಆಗ ಟಿ.ವಿ. ನಾಟಕವೆಂದರೆ ಸ್ಟುಡಿಯೋದಲ್ಲಿ ಆಡಿದ್ದು ಆ ಕ್ಷಣವೇ ಮನೆಮನೆಗೆ ಹೋಗುವಂಥದ್ದು. ಒಂದು ಸೆಟ್ಟಿನಲ್ಲಿ ಕೊನೆಯ ಮಾತು ಆಡಿ, ಕೇಬಲ್‌ಗಳನ್ನು ದಾಟಿಕೊಂಡು, ಕ್ಯಾಮೆರಾ ಬೇರೆಯವರ ಮುಖದ ಮೇಲಿರುವಷ್ಟರಲ್ಲಿ ನಟ ಮುಂದಿನ ಸೆಟ್ಟಿಗೆ ಓಡಬೇಕಿತ್ತು. ತಾಲೀಮು ವಾರಗಟ್ಟಲೆ, ಪ್ರದರ್ಶನ ಒಂದೇ.

ನಾನು ಹವ್ಯಾಸಿ ರಂಗಭೂಮಿಯಲ್ಲಿ ಕೆಲವು ವರ್ಷ ಪ್ರಾಂಪ್ಟರ್ (ಮರೆತ ಮಾತನ್ನು ಮರೆಯಿಂದ ನೆನಪಿಸುವವ) ಆಗಿದ್ದವನು. ಒಮ್ಮೆ ಬರಬೇಕಾದ ನಟ ಬರಲಿಲ್ಲ (ಗ್ರೀನ್‌ರೂಮಿನ ಚಿಲಕ ಸಿಕ್ಕಿಕೊಂಡಿತ್ತು, ಅಷ್ಟೇ). ರಂಗದ ಮೇಲಿದ್ದಾಕೆ ಖಾಲಿ ಹೂಜಿಯಿಂದ ಖಾಲಿ ಲೋಟಕ್ಕೆ ಮೂರು ಸಲ ನೀರು ಬಗ್ಗಿಸಿದರು. ಸೈಡ್‌ವಿಂಗ್‌ನಲ್ಲಿ ನನ್ನ ಕೈಯಲ್ಲಿದ್ದ ಹಸ್ತಪ್ರತಿ ಬೆವರಿನಿಂದ ಒದ್ದೆಯಾಗಿತ್ತು. ಆ ಒಂದು ನಿಮಿಷವೇ ನನಗೆ ಸಾಕಾಗಿತ್ತು. ಆದ್ದರಿಂದ ಆ ಕಲಾವಿದರನ್ನು ಕಲ್ಲುಮನಸ್ಸಿನವರು ಎಂದು ನೀವು ಬರೆದದ್ದನ್ನು ನಾನು ಒಪ್ಪುವುದಿಲ್ಲ. ಯೋಚಿಸಿ ತೀರ್ಮಾನಿಸುವಷ್ಟು ಹೊತ್ತು ಅವರಿಗೆಲ್ಲಿತ್ತು?

ನನ್ನನ್ನು ಕಾಡುವುದು ಬೇರೆ. ಜೋನ್ಸ್ ರಂಗಭೂಮಿ, ರೇಡಿಯೋ ಎರಡರಲ್ಲೂ ದುಡಿದು ಬಂದವರು. ಇಂದು ಅವರ ಹೆಸರು ಹುಡುಕಿದರೆ ಮೊದಲು ಎದುರಾಗುವುದು ಆ ಭಾನುವಾರ. ಅವರು ಆಡಲಾಗದೆ ಹೋದ ಮಾತುಗಳ ಬಗ್ಗೆ ಇಷ್ಟು ಬರೆದೆ; ಆಡಿದ ಮಾತುಗಳಲ್ಲಿ ಒಂದನ್ನೂ ನಾನು ಕೇಳಿಲ್ಲ.