ಮೂಳೆ ಟೊಳ್ಳಾಗುವ ಕಾಯಿಲೆ ಇರುವವರು ಬಿದ್ದು ಸೊಂಟದ ಮೂಳೆ ಮುರಿದುಕೊಂಡರೂ, ಅಮೆರಿಕದ ಆಸ್ಪತ್ರೆಗಳ ದಾಖಲೆಯಲ್ಲಿ ಗಾಯದ ಕೋಡ್ ಬಿಟ್ಟು ಎಂ80, ಅಂದರೆ ಆ ಕಾಯಿಲೆಯಿಂದಾದ ಮುರಿತದ ಕೋಡ್, ಹಾಕುವುದು ಯಾಕೆ?
ಯಾಕೆಂದರೆ ಅಲ್ಲಿ ಕಾಯಿಲೆ, ಗಾಯಗಳಿಗೆ ಕೋಡ್ ಕೊಡುವ ಐಸಿಡಿ-10-ಸಿಎಂ ಪದ್ಧತಿಯ ನಿಯಮ ಆ ಮುರಿತವನ್ನು ಬಿದ್ದದ್ದರ ಲೆಕ್ಕಕ್ಕಲ್ಲ, ಕಾಯಿಲೆಯ ಲೆಕ್ಕಕ್ಕೆ ಸೇರಿಸುತ್ತದೆ. ಆಸ್ಟಿಯೊಪೊರೋಸಿಸ್, ಅಂದರೆ ಮೂಳೆ ಒಳಗೊಳಗೇ ಟೊಳ್ಳಾಗುವ ಕಾಯಿಲೆ, ಇದೆ ಎಂದು ಗೊತ್ತಿರುವವರ ವಿಷಯದಲ್ಲಿ ಕೇಳಬೇಕಾದ್ದು ಒಂದೇ: ಇಷ್ಟು ಸಣ್ಣ ಪೆಟ್ಟಿಗೆ ಗಟ್ಟಿ ಮೂಳೆ ಮುರಿಯುತ್ತಿತ್ತಾ? ಬಚ್ಚಲಲ್ಲಿ ಸುಮ್ನೆ ಜಾರಿ ಕೂತರೆ ಸಾಮಾನ್ಯವಾಗಿ ಮುರಿಯಲ್ಲ, ಅಲ್ವಾ? ಹಾಗಾಗಿ ಎಂ80. ಕಾರು ಗುದ್ದಿ ಮುರಿದಿದ್ದರೆ ಮಾತು ಬೇರೆ, ಅಲ್ಲಿ ‘ಎಸ್’ ಸಾಲಿನ ಗಾಯದ ಕೋಡ್ ಬರಬಹುದು.

ಕಾಯಿಲೆಯಿದ್ದು ಈಗ ಮುರಿತ ಇಲ್ಲದಿದ್ದರೆ ಎಂ81. ಹಳೆಯ ಮುರಿತ ಕೂಡಿಕೊಂಡಿದ್ದರೆ ಜೊತೆಗೆ ಝಡ್87.310.

ಬರೀ ಗಾಯದ ಕೋಡ್ ಹಾಕಿದರೆ ಮೂಳೆಯ ಕಾಯಿಲೆಯೇ ದಾಖಲೆಯಿಂದ ಮರೆಯಾಗಬಹುದು. ನನಗೆ ಜಾಸ್ತಿ ಚಿಂತೆ ಅದರದ್ದೇ.